ಹಗ್ಗಕ್ಕೆ ಮೊದಲು ಕೈ

(ಎಳೆಗರುಗಳನ್ನು ಪಳಗಿಸುವ ವಿವೇಕವನ್ನು ಕುರಿತು ಕರ್ಜಗಿಯಲ್ಲಿ ರೈತರ ಮುಂದೆ ಮಂಡಿಸಿದ ಉಪನ್ಯಾಸದ ಪಠ್ಯ)



ಕರ್ಜಗಿಯಲ್ಲಿ ನಿಂತು ಎತ್ತಿನ ವಿಷಯ ಮಾತನಾಡುವುದೆಂದರೆ ಕಮ್ಮಾರನ ಕೇರಿಯಲ್ಲಿ ಸೂಜಿ ಮಾರಿದಂತೆ. ಜ್ಯೇಷ್ಠ ಮಾಸದ ಕಾರಹುಣ್ಣಿಮೆ ಉತ್ತರ ಕರ್ನಾಟಕದ ಊರೂರಿನಲ್ಲಿಯೂ ನಡೆಯುತ್ತದೆಯಾದರೂ ಕರ್ಜಗಿಯ ಕಾರಹುಣ್ಣಿಮೆಯ ಹೆಸರು ಸುತ್ತಣ ಸೀಮೆಗೆಲ್ಲ ಹಬ್ಬಿದೆ. ಮೈ ತೊಳೆದು, ಕೋಡಿಗೆ ಬಣ್ಣ ಬಳಿದು, ಜೂಲು ಹೊದಿಸಿ, ಕೊರಳಿಗೆ ಗೆಜ್ಜೆ ಕಟ್ಟಿದ ಎತ್ತುಗಳು ಬೀದಿಗೆ ಬಂದಾಗ ನೆರೆದವರ ಕಣ್ಣೆಲ್ಲ ಓಟದ ಮೇಲಿರುತ್ತದೆ. ಯಾವುದು ಮುಂದೆ ಬಂತು, ಯಾರ ಮನೆಯದು, ಬಿಳಿಯದೋ ಕೆಂದದೋ, ಈ ವರ್ಷ ಯಾವ ಬೆಳೆ ಕೈಹಿಡಿದೀತು ಎಂಬುದೇ ಮಾತಾಗುತ್ತದೆ. ಆದರೆ ಓಡುವುದಕ್ಕೆ ಮುಂಚೆ ಅದೇ ಎತ್ತು ಡೊಳ್ಳು ಹಲಗೆಗಳ ಸದ್ದಿನಲ್ಲಿ, ಕಿಕ್ಕಿರಿದ ಜನರ ನಡುವೆ, ಒಬ್ಬ ಮನುಷ್ಯನ ಕೈಯಲ್ಲಿದ್ದ ಸಡಿಲ ಹಗ್ಗಕ್ಕೆ ಒಪ್ಪಿ ನಿಂತಿತ್ತು. ಆ ನಿಲುವನ್ನು ಅದು ಯಾವಾಗ ಕಲಿಯಿತು ಎಂದು ಕೇಳುವವರು ವಿರಳ. ತಾಯಿಯ ಮಗ್ಗುಲಲ್ಲಿ ನಡುಗುವ ಕಾಲುಗಳ ಮೇಲೆ ನಿಂತಿದ್ದ ಮೊದಲ ವಾರಗಳಲ್ಲಿಯೇ ಅದರ ಪಾಠ ಆರಂಭವಾಗಿತ್ತು.

ಇಂದಿನ ವಿಷಯ ಆ ಪಾಠ. ಇದನ್ನು ಒಂದೇ ಮಾತಿನಲ್ಲಿ ಹೇಳುವುದಾದರೆ, ಕರುವಿಗೆ ಹಗ್ಗ ಬೀಳುವ ಮೊದಲು ಮನುಷ್ಯನ ಕೈ ಪರಿಚಯವಾಗಿರಬೇಕು. ಕೈಯ ಪರಿಚಯವಾದ ಕರುವಿಗೆ ಹಗ್ಗವು ಒಂದು ಸೂಚನೆ. ಪರಿಚಯವಾಗದ ಕರುವಿಗೆ ಅದೇ ಹಗ್ಗ ಉರುಲು. ಬಾರುಕೋಲು, ಮುಳ್ಳುಗೋಲು, ಬಾಲ ತಿರುಚುವಿಕೆ, ಮೂಗು ಹರಿಯುವಂತೆ ಜಗ್ಗುವುದು ಇವೆಲ್ಲವೂ ಎಳವೆಯಲ್ಲಿ ತಪ್ಪಿಹೋದ ಪಾಠವನ್ನು ಬಲಿತ ಮೇಲೆ ಬಲದಿಂದ ಕಲಿಸಲು ಹೊರಟ ಪ್ರಯತ್ನಗಳೇ ಆಗಿವೆ. ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಎಂಬ ಗಾದೆ ಮಕ್ಕಳಿಗಷ್ಟೇ ಸಲ್ಲುವುದಲ್ಲ.

ತಳಿಯ ಗುಣವೋ, ಅಂಗಳದ ಗುಣವೋ?

ಹಾಯುವ, ಒದೆಯುವ, ಹಗ್ಗ ಕಿತ್ತುಕೊಂಡು ಓಡುವ ಹೋರಿಯನ್ನು ಕಂಡರೆ ‘ಅದರ ತಳಿಯೇ ಅಂಥದ್ದು’ ಎನ್ನುವುದು ರೂಢಿ. ತಳಿಯ ಪಾಲು ಇಲ್ಲವೆಂದಲ್ಲ. ಒಂದೇ ತಾಯಿಯ ಎರಡು ಕರುಗಳಲ್ಲಿ ಒಂದು ಅಂಜುಬುರುಕ, ಇನ್ನೊಂದು ಧೈರ್ಯಶಾಲಿ ಆಗಿರುವುದುಂಟು. ಆದರೆ ಕರ್ನಾಟಕದ ಜಾನುವಾರು ಚರಿತ್ರೆಯೇ ಈ ಪ್ರಶ್ನೆಗೆ ಬೇರೊಂದು ಉತ್ತರವನ್ನೂ ಕೊಡುತ್ತದೆ.

ಮೈಸೂರು ಒಡೆಯರ ಕಾಲದ ಬೆಣ್ಣೆಚಾವಡಿಯಿಂದ ಬೆಳೆದು ಟಿಪ್ಪು ಸುಲ್ತಾನನ ಕಾಲದಲ್ಲಿ ಅಮೃತಮಹಲ್ ಎಂಬ ಹೆಸರು ಪಡೆದ ದನದ ಹಿಂಡು ಲೋಕಪ್ರಸಿದ್ಧವಾದುದು. ಸೈನ್ಯದ ಸಾಮಗ್ರಿಯನ್ನೂ ಫಿರಂಗಿಗಳನ್ನೂ ವೇಗವಾಗಿ ಎಳೆದೊಯ್ಯುವ ಎತ್ತುಗಳನ್ನು ಒದಗಿಸುವುದು ಅದರ ಉದ್ದೇಶ. ಈ ಹಿಂಡು ಹಳ್ಳಿಕಾರ್ ಮತ್ತು ಅದಕ್ಕೆ ಹತ್ತಿರದ ದನಗಳಿಂದ ರೂಪುಗೊಂಡದ್ದು. ಎಂದರೆ ರೈತನ ಕೊಟ್ಟಿಗೆಯ ಹಳ್ಳಿಕಾರ್ ಕರುವಿಗೂ ಕಾವಲಿನ ಅಮೃತಮಹಲ್ ಕರುವಿಗೂ ನಡುವೆ ಹತ್ತಿರದ ರಕ್ತಸಂಬಂಧವಿದೆ. ಆದರೂ ವಿಶಾಲವಾದ ಕಾವಲುಗಳಲ್ಲಿ, ಮನುಷ್ಯರ ಒಡನಾಟ ಕಡಿಮೆಯಾಗಿ ಬೆಳೆದ ಅಮೃತಮಹಲ್ ದನಗಳು ಪಳಗಿಸಲು ಕಷ್ಟವಾದವು, ಅಪರಿಚಿತರನ್ನು ಹತ್ತಿರ ಬಿಟ್ಟುಕೊಳ್ಳದವು ಎಂಬ ಹೆಸರು ಪಡೆದವು. ಅಂಗಳದಲ್ಲಿ ಹುಟ್ಟಿ, ಮಕ್ಕಳ ಕೈಯಿಂದ ಹುಲ್ಲು ತಿಂದು, ದಿನಕ್ಕೆ ಹತ್ತು ಸಲ ಮೈದಡವಿಸಿಕೊಂಡ ಹಳ್ಳಿಕಾರ್ ಕರುವಾದರೋ ಚುರುಕಾಗಿದ್ದೂ ಹಗ್ಗಕ್ಕೆ ಬೇಗ ಒಗ್ಗುತ್ತದೆ. ರಕ್ತ ಹತ್ತಿರದ್ದೇ ಆದರೂ ಬೆಳೆದ ಬಗೆ ಬೇರೆಯಾದಾಗ ನಡತೆಯೂ ಬೇರೆಯಾಗುವುದನ್ನು ಇದು ತೋರಿಸುತ್ತದೆ.

ಇದೇ ಮಾತನ್ನು ಮಲೆನಾಡಿಗೂ ಅನ್ವಯಿಸಬಹುದು. ಮಲೆನಾಡು ಗಿಡ್ಡ ತಳಿಯ ಹಸುಗಳು ಬೆಳಿಗ್ಗೆ ಬೆಟ್ಟಕ್ಕೆ ಹೋಗಿ ಸಂಜೆ ತಾವೇ ಮನೆಗೆ ಮರಳುತ್ತವೆ. ಮನೆಯಲ್ಲಿ ಉಳಿದ ಕರುವನ್ನು ದಿನವಿಡೀ ಮಾತನಾಡಿಸುವ ಮನೆಗಳಲ್ಲಿ ಅದು ಸಾಧುವಾಗಿ ಬೆಳೆಯುತ್ತದೆ. ತಾಯಿಯೊಡನೆ ಬೆಟ್ಟದಲ್ಲಿಯೇ ಉಳಿದು ಬೆಳೆದ ಕರು ಮನುಷ್ಯನನ್ನು ಕಂಡರೆ ಪೊದೆಯ ಮರೆಗೆ ಸರಿಯುತ್ತದೆ.

ಕರುವಿನ ಕಣ್ಣಿಗೆ ಕಾಣುವ ಲೋಕ

ಕಲಿಸುವ ಮುನ್ನ ಕರುವಿಗೆ ಲೋಕ ಹೇಗೆ ಕಾಣುತ್ತದೆ ಎಂಬುದನ್ನು ತಿಳಿದಿರಬೇಕು. ದನ ಬೇಟೆಗೆ ಗುರಿಯಾಗುವ ಪ್ರಾಣಿಯ ವಂಶಕ್ಕೆ ಸೇರಿದುದು. ತಲೆಯ ಎರಡೂ ಬದಿಗೆ ಇರುವ ಕಣ್ಣುಗಳಿಂದ ಅದು ತನ್ನ ಸುತ್ತ ಸುಮಾರು 330 ಡಿಗ್ರಿಯಷ್ಟು ವಿಸ್ತಾರವನ್ನು ನೋಡಬಲ್ಲದು. ನೇರ ಹಿಂಬದಿ ಮಾತ್ರ ಅದಕ್ಕೆ ಕುರುಡು. ಆದ್ದರಿಂದಲೇ ಹಿಂದಿನಿಂದ ಸದ್ದಿಲ್ಲದೆ ಬಂದು ಬೆನ್ನು ಮುಟ್ಟಿದವನಿಗೆ ಒದೆ ಬೀಳುತ್ತದೆ. ಅದು ಸಿಟ್ಟಿನ ಒದೆಯಲ್ಲ, ಹೆದರಿಕೆಯ ಒದೆ. ಆಳವನ್ನು ಅಂದಾಜು ಮಾಡುವ ಶಕ್ತಿ ದನಕ್ಕೆ ಕಡಿಮೆ. ನೆಲದ ಮೇಲೆ ಬಿದ್ದ ನೆರಳು, ಹರಿಯುವ ನೀರು, ಮಿನುಗುವ ಪ್ಲಾಸ್ಟಿಕ್ ಹಾಳೆ ಇವು ಅದಕ್ಕೆ ಹಳ್ಳದಂತೆಯೋ ಜೀವವಿರುವ ವಸ್ತುವಿನಂತೆಯೋ ತೋರಬಹುದು. ಕರು ಅಲ್ಲಿ ನಿಂತುಬಿಟ್ಟರೆ ಅದು ಹಟವಲ್ಲ. ಒಂದು ಕ್ಷಣ ತಲೆ ತಗ್ಗಿಸಿ ನೋಡಲು, ಮೂಸಲು ಬಿಟ್ಟರೆ ತಾನೇ ಮುಂದೆ ಹೆಜ್ಜೆ ಇಡುತ್ತದೆ.

ಅಮೆರಿಕದ ಪಶುವಿಜ್ಞಾನಿ ಟೆಂಪಲ್ ಗ್ರ್ಯಾಂಡಿನ್ ಅವರು ದನಗಳ ಈ ನಡತೆಯನ್ನು ದಶಕಗಳ ಕಾಲ ಅಭ್ಯಸಿಸಿ ಎರಡು ಸಂಗತಿಗಳನ್ನು ಮತ್ತೆ ಮತ್ತೆ ಒತ್ತಿ ಹೇಳಿದ್ದಾರೆ. ಪ್ರತಿಯೊಂದು ದನದ ಸುತ್ತಲೂ ಕಣ್ಣಿಗೆ ಕಾಣದ ಒಂದು ಎಲ್ಲೆ ಇದೆ. ಮನುಷ್ಯ ಅದನ್ನು ದಾಟಿ ಒಳಬಂದರೆ ದನ ದೂರ ಸರಿಯುತ್ತದೆ. ಪಳಗಿದಷ್ಟೂ ಈ ಎಲ್ಲೆ ಕಿರಿದಾಗಿ ಕೊನೆಗೆ ಇಲ್ಲವಾಗುತ್ತದೆ. ಎರಡನೆಯದು, ದನದ ಭುಜವೇ ಅದರ ಚಲನೆಯ ತೂಕದ ಬಿಂದು. ಭುಜದ ಹಿಂದೆ ನಿಂತು ಒತ್ತಿದರೆ ಅದು ಮುಂದೆ ನಡೆಯುತ್ತದೆ, ಭುಜದ ಮುಂದೆ ಬಂದರೆ ನಿಲ್ಲುತ್ತದೆ ಅಥವಾ ಹಿಂದೆ ಸರಿಯುತ್ತದೆ. ಕರುವಿನ ಎದುರು ನಿಂತು, ಅದರ ಕಣ್ಣನ್ನೇ ದಿಟ್ಟಿಸುತ್ತ ಹಗ್ಗ ಜಗ್ಗುವವನು ಏನು ಮಾಡುತ್ತಿದ್ದಾನೆಂಬುದು ಇದರಿಂದ ಸ್ಪಷ್ಟವಾಗುತ್ತದೆ. ಕೈಯಿಂದ ‘ಬಾ’ ಎನ್ನುತ್ತಾನೆ, ನಿಂತ ಜಾಗದಿಂದ ‘ಬರಬೇಡ’ ಎನ್ನುತ್ತಾನೆ. ಕರು ನಾಲ್ಕೂ ಕಾಲೂರಿ ನಿಂತರೆ ಪೆಟ್ಟು ಬೀಳುವುದು ಮಾತ್ರ ಕರುವಿಗೆ.

ಮೊದಲ ದಿನಗಳು

ಪಳಗಿಸುವ ಕೆಲಸ ಆರೋಗ್ಯದಿಂದ ಆರಂಭವಾಗುತ್ತದೆ. ಹುಟ್ಟಿದ ಕೆಲವೇ ಗಂಟೆಗಳೊಳಗೆ ಗಿಣ್ಣದ ಹಾಲು ಹೊಟ್ಟೆ ಸೇರಬೇಕು. ರೋಗದ ವಿರುದ್ಧ ಹೋರಾಡುವ ಶಕ್ತಿ ಕರುವಿಗೆ ಬರುವುದು ಅದರಿಂದಲೇ, ಮತ್ತು ಹೊತ್ತು ಕಳೆದಂತೆ ಅದನ್ನು ಹೀರಿಕೊಳ್ಳುವ ಸಾಮರ್ಥ್ಯ ಕರುಳಿಗೆ ಕುಂದುತ್ತದೆ. ಹೊಕ್ಕುಳಿಗೆ ಅಯೋಡಿನ್ ಹಚ್ಚಬೇಕು. ಹಸಿದ, ಭೇದಿಯಾದ, ಉಣ್ಣೆ ಹತ್ತಿದ ಕರುವಿಗೆ ಯಾವ ಪಾಠವೂ ಹತ್ತುವುದಿಲ್ಲ. ಹಾಲಿಗಾಗಿ ಕರುವಿನ ಪಾಲನ್ನು ಕಸಿದ ಮನೆಯಲ್ಲಿ, ವಿಶೇಷವಾಗಿ ಹೋರಿಗರುವಿನ ಪಾಲನ್ನು ಕಸಿದ ಮನೆಯಲ್ಲಿ, ಮುಂದೆ ಒಳ್ಳೆಯ ಎತ್ತನ್ನು ಬಯಸುವುದು ನ್ಯಾಯವಲ್ಲ.

ಕೈಯ ಪರಿಚಯ ಈ ದಿನಗಳಲ್ಲಿಯೇ ಆಗಬೇಕು. ದಿನಕ್ಕೆ ಎರಡು ಮೂರು ಸಲ, ಪ್ರತಿಸಲ ಐದು ಹತ್ತು ನಿಮಿಷ, ತಾಯಿ ಎದುರಿಗೇ ಇರುವಾಗ ಕರುವಿನ ಪಕ್ಕದಲ್ಲಿ ಕುಕ್ಕರಗಾಲಿನಲ್ಲಿ ಕುಳಿತರೆ ಸಾಕು. ನಿಂತ ಮನುಷ್ಯನಿಗಿಂತ ಕುಳಿತ ಮನುಷ್ಯ ಕರುವಿನ ಕಣ್ಣಿಗೆ ಚಿಕ್ಕವನಾಗಿ, ನಿರುಪದ್ರವಿಯಾಗಿ ಕಾಣುತ್ತಾನೆ. ಅದು ತಾನೇ ಬಂದು ಮೂಸುವವರೆಗೆ ಕಾಯಬೇಕು. ಬಳಿಕ ಕೊರಳ ಕೆಳಗೆ, ಗಂಗೆದೊಗಲಿನ ಬಳಿ ಮೆಲ್ಲಗೆ ತುರಿಸಬೇಕು. ತಾಯಿ ಕರುವನ್ನು, ದನ ದನವನ್ನು ನೆಕ್ಕುವ ಜಾಗವೇ ಇದು. ಆಸ್ಟ್ರಿಯಾದ ವಿಯೆನ್ನಾದ ಸಂಶೋಧಕರು ಹಸುಗಳ ಮೈಯ ಬೇರೆ ಬೇರೆ ಭಾಗಗಳನ್ನು ಸವರಿ ನೋಡಿ 2008ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಕೊರಳ ಕೆಳಭಾಗವನ್ನು ಸವರಿದಾಗ ಹಸುಗಳು ಕೊರಳು ಚಾಚಿ ಕಿವಿ ಇಳಿಬಿಡುವುದು ಹೆಚ್ಚು ಎಂಬುದನ್ನು ಗುರುತಿಸಿದ್ದಾರೆ. ಕೊಟ್ಟಿಗೆಯಲ್ಲಿ ಕಸ ಬಳಿಯುತ್ತ, ಬಂದ ಕರುವಿನ ಕೊರಳನ್ನು ಎಡಗೈಯಿಂದ ತುರಿಸುತ್ತಿದ್ದ ಅಜ್ಜಿಯರಿಗೆ ಈ ತಿಳಿವಳಿಕೆ ಅಧ್ಯಯನವಿಲ್ಲದೆಯೇ ಇತ್ತು.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ಕರುವಿನ ಹಣೆಗೆ ಅಂಗೈ ಕೊಟ್ಟು ತಳ್ಳಿ ಆಡುವುದು ಮಕ್ಕಳಿಗೆ ಬಹು ಪ್ರಿಯವಾದ ಆಟ. ಕರುವೂ ಹಣೆಯಿಂದ ಮರಳಿ ತಳ್ಳುತ್ತದೆ, ಎಲ್ಲರೂ ನಗುತ್ತಾರೆ. ಆದರೆ ದನದ ಭಾಷೆಯಲ್ಲಿ ಹಣೆಗೆ ಹಣೆ ಒತ್ತುವುದು ಬಲಪರೀಕ್ಷೆಯ ಆಹ್ವಾನ. ಎರಡು ತಿಂಗಳ ಕರುವಿನಲ್ಲಿ ಮುದ್ದಾಗಿ ಕಂಡ ಈ ಆಟ ಎರಡು ವರ್ಷದ ಹೋರಿಯಲ್ಲಿ ಹಾಯುವ ಚಾಳಿಯಾಗಿ ಬೆಳೆದಿರುತ್ತದೆ. ಆಗ ಹೋರಿಗೆ ‘ಪುಂಡ’ ಎಂಬ ಬಿರುದು ಬಂದು, ಸಂತೆಯ ದಾರಿ ಹಿಡಿಯಬೇಕಾಗುತ್ತದೆ. ಮಕ್ಕಳಿಗೆ ಕೊರಳು ತುರಿಸುವುದನ್ನು ಕಲಿಸಬೇಕು, ಹಣೆ ತಳ್ಳುವುದನ್ನು ಬಿಡಿಸಬೇಕು.

ಕಣ್ಣಿ ಮತ್ತು ಹೆಜ್ಜೆ

ಕೈಗೆ ಒಗ್ಗಿದ ಕರುವಿಗೆ ಕೊರಳ ಕಣ್ಣಿ ಹಾಕುವ ಕಾಲ ಮೊದಲ ಒಂದೆರಡು ತಿಂಗಳು. ಹತ್ತಿಯ ಇಲ್ಲವೆ ಪುಂಡಿನಾರಿನ ಮೆತ್ತನೆಯ ಹಗ್ಗ ಇದಕ್ಕೆ ತಕ್ಕುದು. ಅಗ್ಗಕ್ಕೆ ಸಿಗುವ ನೈಲಾನ್ ಹಗ್ಗ ಎಳೆಯ ಚರ್ಮವನ್ನು ಕೊಯ್ಯುತ್ತದೆ, ಹಿಡಿದವನ ಅಂಗೈಯನ್ನೂ ಸುಡುತ್ತದೆ. ಜಾರುಗಂಟು ಎಂದಿಗೂ ಕೂಡದು. ಎಳೆದಷ್ಟೂ ಬಿಗಿಯುವ ಗಂಟು ಕರುವಿಗೆ ಕಲಿಸುವುದು ಉಸಿರುಗಟ್ಟುವ ಭಯವನ್ನು ಮಾತ್ರ. ಕೊರಳಿಗೂ ಹಗ್ಗಕ್ಕೂ ನಡುವೆ ನಾಲ್ಕು ಬೆರಳು ಆಡುವಷ್ಟು ಎಡೆ ಇರಬೇಕು. ನಡೆಸುವುದನ್ನು ಕಲಿಸಲು ಕೊರಳ ಹಗ್ಗಕ್ಕಿಂತ ಮೂತಿಯ ಸುತ್ತ ಬರುವಂತೆ ಹೆಣೆದ ಹಗ್ಗ ಮೇಲು. ಅದರಿಂದ ತಲೆ ತಿರುಗುತ್ತದೆ, ತಲೆ ತಿರುಗಿದ ಕಡೆಗೆ ಮೈ ಹೋಗುತ್ತದೆ, ಉಸಿರಿಗೆ ಅಡ್ಡಿಯಿಲ್ಲ.

ಮೊದಲ ಕೆಲವು ದಿನ ಹಗ್ಗವನ್ನು ಹಾಕಿ, ಕಣ್ಣೆದುರಿಗೇ ಸ್ವಲ್ಪ ಹೊತ್ತು ಬಿಟ್ಟು, ತೆಗೆಯಬೇಕು. ಬಳಿಕ ತಾಯಿಯ ಬಳಿಯ ಗೂಟಕ್ಕೆ ಗಿಡ್ಡವಾಗಿ ಕಟ್ಟಿ ಹತ್ತು ನಿಮಿಷ ನಿಲ್ಲಿಸಬೇಕು. ಕಟ್ಟಿದ ಎಳೆಗರುವನ್ನು ಬಿಟ್ಟು ಹೊಲಕ್ಕೆ ಹೋಗಬಾರದು. ಹಗ್ಗಕ್ಕೆ ಸಿಕ್ಕಿ ಸತ್ತ ಕರುಗಳ ದುಃಖ ಅನೇಕ ಮನೆಗಳಿಗೆ ಗೊತ್ತು. ಕಟ್ಟಿದಾಗ ಅದು ಕೊಸರಾಡಿದರೆ ಕೊಸರಾಟ ನಿಂತ ಮೇಲೆಯೇ ಬಿಚ್ಚಬೇಕು. ಕೊಸರಾಡುವಾಗಲೇ ಬಿಚ್ಚಿದರೆ ಬಿಡುಗಡೆಗೆ ಕೊಸರಾಟವೇ ದಾರಿ ಎಂದು ಕರು ತಿಳಿಯುತ್ತದೆ, ಮತ್ತು ಆ ತಿಳಿವಳಿಕೆಯನ್ನು ಬೇಗ ಮರೆಯುವುದಿಲ್ಲ.

ನಡೆಸುವ ಪಾಠದ ತಿರುಳು ಒಂದೇ. ಎಳೆತ ಕಲಿಸುವುದಿಲ್ಲ, ಎಳೆತವನ್ನು ಸಡಿಲಿಸುವ ಗಳಿಗೆ ಕಲಿಸುತ್ತದೆ. ಕರುವಿನ ಭುಜದ ಪಕ್ಕ ನಿಂತು ಹಗ್ಗವನ್ನು ಮೆಲ್ಲಗೆ ಬಿಗಿಹಿಡಿಯಬೇಕು. ನೇರ ಮುಂದಕ್ಕೆ ಎಳೆದರೆ ಅದು ಹಿಂದಕ್ಕೆ ಒರಗುತ್ತದೆ, ಆದ್ದರಿಂದ ತುಸು ಓರೆಯಾಗಿ ಪಕ್ಕಕ್ಕೆ ಹಿಡಿಯಬೇಕು. ತೂಕ ತಪ್ಪಿದ ಕರು ಒಂದು ಕಾಲನ್ನು ಎತ್ತಿ ಇಡಲೇಬೇಕಾಗುತ್ತದೆ. ಆ ಒಂದು ಹೆಜ್ಜೆ ಬಿದ್ದ ತಕ್ಷಣವೇ ಹಗ್ಗ ಸಡಿಲವಾಗಬೇಕು, ಕೊರಳಿಗೆ ಕೈ ಹೋಗಬೇಕು. ಮುಂದಿನ ಹೆಜ್ಜೆ ಬೇಗ ಬರುತ್ತದೆ. ಮೊದಲ ದಿನ ನಾಲ್ಕು ಹೆಜ್ಜೆ ನಡೆದರೆ ಅದೇ ದೊಡ್ಡದು. ಮೊದಮೊದಲು ಕರು ಹೋಗಬಯಸುವ ಕಡೆಗೇ, ಎಂದರೆ ತಾಯಿಯ ಕಡೆಗೆ, ಗೋದಲಿಯ ಕಡೆಗೆ ನಡೆಸಬೇಕು. ಅಲ್ಲಿಂದ ದೂರಕ್ಕೆ ನಡೆಸುವುದು ಆಮೇಲಿನ ಪಾಠ. ಹಿಂದಿನಿಂದ ಇನ್ನೊಬ್ಬರು ಬಾಲ ತಿರುಚಿ ‘ಸಹಾಯ’ ಮಾಡಿದರೆ ಮುಂದಿನವನ ಅಷ್ಟೂ ದಿನದ ಶ್ರಮ ಮಣ್ಣುಪಾಲಾಗುತ್ತದೆ.

ಮಾತುಗಳೂ ಹಾಗೆಯೇ. ನಿಲ್ಲಲು ಒಂದು ಮಾತು, ನಡೆಯಲು ಒಂದು, ಪಕ್ಕಕ್ಕೆ ಸರಿಯಲು ಒಂದು. ಮನೆಯಲ್ಲಿ ಎಲ್ಲರೂ ಅದೇ ಮಾತನ್ನು ಅದೇ ದನಿಯಲ್ಲಿ ಆಡಬೇಕು. ಅಪ್ಪ ‘ಹೋ’ ಎಂದು ನಿಲ್ಲಿಸಿ, ಮಗ ‘ಹೋ’ ಎಂದು ಓಡಿಸಿದರೆ ಕರುವಿನ ಪಾಡು ಹೇಳತೀರದು. ಕರುವಿಗೊಂದು ಹೆಸರಿರಬೇಕು, ಮತ್ತು ಆ ಹೆಸರನ್ನು ಬೈಯುವಾಗ ಬಳಸಬಾರದು.

ಮೈ ಮುಟ್ಟಿಸಿಕೊಳ್ಳುವ ಪಾಠ

ನಡೆಯಲು ಕಲಿತ ಕರು ನಿಂತು ಮೈ ಮುಟ್ಟಿಸಿಕೊಳ್ಳುವುದನ್ನೂ ಕಲಿಯಬೇಕು. ಕಿವಿಯೊಳಗೆ ನೋಡುವುದು, ತುಟಿ ಎತ್ತಿ ಹಲ್ಲು ನೋಡುವುದು, ಕಾಲೆತ್ತಿ ಗೊರಸು ನೋಡುವುದು, ಬಾಲದ ಬುಡ ಮುಟ್ಟುವುದು, ಹೆಣ್ಣುಗರುವಾದರೆ ಕೆಚ್ಚಲ ಜಾಗವನ್ನು ಸವರುವುದು ಇವು ದಿನಚರಿಯಾಗಬೇಕು. ಕೆಚ್ಚಲು ಮುಟ್ಟಿಸಿಕೊಂಡು ಬೆಳೆದ ಕರು ಚೊಚ್ಚಲ ಈದಾಗ ಒದೆಯುವುದು ಕಡಿಮೆ. ಹೆದರಿದ ಹಸುವಿನ ಮೈಯಲ್ಲಿ ಉಕ್ಕುವ ಅಡ್ರಿನಲಿನ್ ಹಾಲಿಳಿಸುವ ಆಕ್ಸಿಟೋಸಿನ್‌ನ ಕೆಲಸವನ್ನು ತಡೆಯುತ್ತದೆ ಎಂಬುದು ಪಶುವೈದ್ಯಕ್ಕೆ ತಿಳಿದ ವಿಷಯ. ಹೀಗಾಗಿ ಈ ಪಾಠ ಎತ್ತಿಗೆ ಮಾತ್ರ ಸಂಬಂಧಿಸಿದ್ದಲ್ಲ, ಹಾಲಿನ ಪಾತ್ರೆಗೂ ಸಂಬಂಧಿಸಿದ್ದು.

ರೋಗದ ಕಾಲದಲ್ಲಿ ಇದರ ಬೆಲೆ ಇನ್ನೂ ಹೆಚ್ಚು. 2022ರಲ್ಲಿ ಹಾವೇರಿ ಜಿಲ್ಲೆಯೂ ಸೇರಿದಂತೆ ರಾಜ್ಯದ ಹಲವೆಡೆ ಚರ್ಮಗಂಟು ರೋಗ ಹಬ್ಬಿ ದನಗಳು ನರಳಿದವು, ಸತ್ತವು. ಮೇಕೆ ಸಿಡುಬಿನ ಲಸಿಕೆಯನ್ನೇ ದನಗಳಿಗೆ ಹಾಕಿ ರೋಗವನ್ನು ತಡೆಯಲು ಯತ್ನಿಸಲಾಯಿತು. ಮೈಯೆಲ್ಲ ಗಂಟೆದ್ದು ಹುಣ್ಣಾದ ದನಕ್ಕೆ ದಿನವೂ ಗಾಯ ತೊಳೆದು ಔಷಧ ಹಚ್ಚಬೇಕು. ಮುಟ್ಟಲು ಬಿಡುವ ದನಕ್ಕೆ ಅದು ಆರೈಕೆ. ಬಿಡದ ದನವನ್ನು ನಾಲ್ವರು ಕೆಡವಿ ಕಟ್ಟಬೇಕು, ಮತ್ತು ಕೆಡವುವಾಗ ಹುಣ್ಣು ಮತ್ತೆ ಹರಿಯುತ್ತದೆ. ಕಾಲುಬಾಯಿ ಜ್ವರದ ಲಸಿಕೆ ವರ್ಷಕ್ಕೆ ಎರಡು ಬಾರಿ, ಹೆಣ್ಣುಗರುಗಳಿಗೆ ನಾಲ್ಕರಿಂದ ಎಂಟು ತಿಂಗಳ ನಡುವೆ ಕಂದುರೋಗದ ಲಸಿಕೆ ಒಮ್ಮೆ ಹಾಕಿಸಬೇಕು. ಲಸಿಕೆ ಹಾಕುವವರು ಬಂದಾಗ ‘ನಮ್ಮ ಹೋರಿ ಹತ್ತಿರ ಬಿಡೂದಿಲ್ರೀ, ಮುಂದಿನ ಸಲ ನೋಡೋಣ’ ಎಂದು ಕಳಿಸಿಬಿಡುವ ಮನೆಗಳೂ ಉಂಟು. ಪಳಗಿಸದಿರುವುದರ ದಂಡವನ್ನು ಆ ಹೋರಿಯೊಂದೇ ಅಲ್ಲ, ಊರಿನ ದನವೆಲ್ಲ ತೆರಬೇಕಾಗಬಹುದು.

ಮೂಗುದಾರ ಮತ್ತು ನೊಗ

ಕನ್ನಡದಲ್ಲಿ ‘ಮೂಗುದಾರ ಹಾಕು’ ಎಂದರೆ ಹತೋಟಿಗೆ ತರು ಎಂದೇ ಅರ್ಥ. ಈ ನುಡಿಯೇ ಒಂದು ತಪ್ಪು ತಿಳಿವಳಿಕೆಗೆ ಕಾರಣವಾಗಿದೆ. ಮೂಗಿನ ಹೊಳ್ಳೆಗಳ ನಡುವಣ ಗೋಡೆ ದನದ ಮೈಯಲ್ಲಿ ಅತ್ಯಂತ ಸೂಕ್ಷ್ಮವಾದ ಜಾಗಗಳಲ್ಲೊಂದು. ಅಲ್ಲಿ ಚುಚ್ಚಿದ ದಾರದಿಂದ ಬಲಿಷ್ಠ ಹೋರಿಯೂ ಬಗ್ಗುತ್ತದೆ ನಿಜ. ಬಗ್ಗುವುದಕ್ಕೆ ಕಾರಣ ನೋವು. ಮುಖದ ಹಗ್ಗಕ್ಕೆ ಒಗ್ಗಿ ಬೆಳೆದ ಕರುವಿಗೆ ಮೂಗುದಾರದ ಅಗತ್ಯವೇ ಬಾರದಿರಬಹುದು. ಬಂದರೂ ಅದು ಸಡಿಲವಾಗಿ ತೂಗುವ ಆಪದ್ಧನವಾಗಿರುತ್ತದೆ. ಹಾಕಿಸುವುದೇ ಆದರೆ ಪಶುವೈದ್ಯರ ಕೈಯಿಂದ, ಶುದ್ಧ ಉಪಕರಣದಿಂದ ಆಗಬೇಕು. ಗಾಯ ಪೂರ್ತಿ ಮಾಯುವವರೆಗೆ ಅದನ್ನು ಜಗ್ಗಬಾರದು. ತುಕ್ಕು ಹಿಡಿದ ದಬ್ಬಣದಿಂದ ಚುಚ್ಚಿ, ಅಂದೇ ಗೂಟಕ್ಕೆ ಕಟ್ಟುವುದು ಪರಂಪರೆಯಲ್ಲ, ಅವಸರ.

ನೊಗದ ಪಾಠಕ್ಕೂ ಅವಸರ ಸಲ್ಲದು. ಎರಡು ಹಲ್ಲು ಹಚ್ಚಿದ ಮೇಲೆ, ಸುಮಾರು ಎರಡೂವರೆ ಮೂರು ವರ್ಷಕ್ಕೆ, ಬರಿಯ ನೊಗದಿಂದ ಆರಂಭಿಸಬೇಕು. ಜೊತೆಗೆ ಹಳೆಯ, ಸಮಾಧಾನದ ಎತ್ತನ್ನು ಕಟ್ಟುವುದು ಹಿರಿಯರ ಪದ್ಧತಿ. ಹೊಸ ಹೋರಿಗೆ ನಿಜವಾದ ಗುರು ಆ ಎತ್ತೇ. ಎರಡೂ ಹೊಸವಾದರೆ ‘ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು’ ಎಂಬಂತಾಗುತ್ತದೆ. ಬರಿಯ ನೊಗದ ಬಳಿಕ ಹಗುರವಾದ ಕೊರಡು, ಆಮೇಲೆ ಉತ್ತ ಹೊಲದಲ್ಲಿ ಕುಂಟೆ, ಆಮೇಲೆ ಖಾಲಿ ಚಕ್ಕಡಿ. ಬೆಳಗಿನ ತಂಪಿನಲ್ಲಿ ಅರ್ಧ ಗಂಟೆ ಸಾಕು. ಹೋರಿ ಚೆನ್ನಾಗಿ ನಡೆದ ಗಳಿಗೆಯಲ್ಲಿಯೇ ನೊಗ ಇಳಿಸಿದರೆ ಮರುದಿನ ಅದು ನೊಗ ಕಂಡು ಹಿಂಜರಿಯುವುದಿಲ್ಲ.

ದುಡಿಯುವ ದನದ ಬಗ್ಗೆ ಕಾನೂನಿಗೂ ಕಾಳಜಿಯಿದೆ. ಗಾಡಿ ಎಳೆಯುವ ಮತ್ತು ಹೊರೆ ಹೊರುವ ಪ್ರಾಣಿಗಳಿಗೆ ಸಂಬಂಧಿಸಿದ 1965ರ ಕೇಂದ್ರ ನಿಯಮಗಳು ದಿನಕ್ಕೆ ಒಟ್ಟು 9 ಗಂಟೆಗಿಂತ ಹೆಚ್ಚು, ಬಿಡುವಿಲ್ಲದೆ 5 ಗಂಟೆಗಿಂತ ಹೆಚ್ಚು ದುಡಿಸಬಾರದೆನ್ನುತ್ತವೆ. ತಾಪಮಾನ 37 ಡಿಗ್ರಿ ಸೆಲ್ಸಿಯಸ್ ಮೀರಿದ ಕಡೆ ಮಧ್ಯಾಹ್ನ 12ರಿಂದ 3ರವರೆಗೆ ಗಾಡಿ ಕಟ್ಟಬಾರದು. ಮೊಳೆ ಬಡಿದ ಕೋಲು ಬಳಸಬಾರದು. ಚೆನ್ನಾಗಿ ಪಳಗಿದ ಎತ್ತಿನ ಒಡೆಯನಿಗೆ ಈ ನಿಯಮಗಳು ಹೊರೆಯೆನಿಸುವುದಿಲ್ಲ. ಅವನ ಮನೆಯಲ್ಲಿ ಮೊಳೆಯ ಕೋಲಿಗೆ ಕೆಲಸವೇ ಇರುವುದಿಲ್ಲ.

ಹಬ್ಬದ ಕಣದಲ್ಲಿ

ಹಾವೇರಿ ಸೀಮೆಯಲ್ಲಿ ಕಾರಹುಣ್ಣಿಮೆಯ ಓಟದಂತೆಯೇ ದೀಪಾವಳಿಯ ನಂತರ ಹೋರಿ ಬೆದರಿಸುವ ಸ್ಪರ್ಧೆಗಳೂ ಜನಪ್ರಿಯವಾಗಿವೆ. ಕೊಬ್ಬರಿ ಮಾಲೆ ತೊಟ್ಟ ಹೋರಿ ಜನಸಂದಣಿಯ ನಡುವೆ ಓಡುತ್ತದೆ, ತರುಣರು ಕೊಬ್ಬರಿ ಕೀಳಲು ಮುನ್ನುಗ್ಗುತ್ತಾರೆ. ಈ ಕಣಗಳಲ್ಲಿ ಜನ ಪ್ರಾಣ ಕಳೆದುಕೊಂಡದ್ದೂ ಉಂಟು. 2014ರ ಮೇ 7ರಂದು ಸುಪ್ರೀಂ ಕೋರ್ಟ್ ಜಲ್ಲಿಕಟ್ಟು ಮತ್ತು ಎತ್ತಿನ ಗಾಡಿ ಓಟಗಳನ್ನು ನಿಷೇಧಿಸಿತು. 2017ರಲ್ಲಿ ಕರ್ನಾಟಕವು 1960ರ ಪ್ರಾಣಿಹಿಂಸೆ ತಡೆ ಕಾಯ್ದೆಗೆ ತಿದ್ದುಪಡಿ ತಂದು ಕಂಬಳ ಮತ್ತು ಎತ್ತಿನ ಓಟಗಳಿಗೆ ಷರತ್ತಿನ ಮೇಲೆ ಅವಕಾಶ ಕಲ್ಪಿಸಿತು. 2023ರ ಮೇ 18ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಪ್ರಾಣಿಗೆ ಅನಗತ್ಯ ನೋವಾಗಬಾರದೆಂಬುದು ಆ ಅವಕಾಶದ ತಳಹದಿ.

ಆದರೆ ಕಾನೂನು ಕಾಯುವುದು ಕಣದ ದಿನವನ್ನು ಮಾತ್ರ. ಆ ದಿನ ಹೋರಿಯ ಕಣ್ಣಲ್ಲಿ ಕಾಣುವ ಭಯವೋ ಧೈರ್ಯವೋ ಹಿಂದಿನ ಸಾವಿರ ದಿನಗಳ ಫಲ. ಓಡಬಲ್ಲ ಹೋರಿಯನ್ನು ಮೆಚ್ಚುವುದರ ಜೊತೆಗೆ, ಓಟ ಮುಗಿದ ಮೇಲೆ ಒಡೆಯನ ಒಂದು ಕೂಗಿಗೆ ನಿಂತು, ಸಡಿಲ ಹಗ್ಗದಲ್ಲಿ ಮನೆಗೆ ನಡೆದುಬರುವ ಹೋರಿಗೂ ಮೆಚ್ಚುಗೆ ಸಲ್ಲಬೇಕು. ಕಾರಹುಣ್ಣಿಮೆಯಂದು ಎಳೆಗರುಗಳನ್ನು ಮಕ್ಕಳು ಸಡಿಲ ಹಗ್ಗದಲ್ಲಿ ನಡೆಸಿ ತೋರುವ ಒಂದು ಗಳಿಗೆಯನ್ನು ಹಬ್ಬದೊಳಗೆ ಸೇರಿಸಿದರೆ, ಪಳಗಿಸುವವರ ಕೌಶಲಕ್ಕೂ ಊರೆದುರಿಗೆ ಒಂದು ಮನ್ನಣೆ ದೊರೆತೀತು. ಮಣ್ಣೆತ್ತಿನ ಅಮಾವಾಸ್ಯೆಗೆ ಮಣ್ಣಿನ ಎತ್ತನ್ನು ಜೋಪಾನವಾಗಿ ಹಿಡಿಯುವ ಅದೇ ಎಳೆಯ ಕೈಗಳಿಗೆ ಜೀವದ ಕರುವನ್ನು ಹಿಡಿಯಲು ಕಲಿಸುವುದು ಅಸಾಧ್ಯವೇನಲ್ಲ.

ಟ್ರ್ಯಾಕ್ಟರಿನ ಕಾಲದಲ್ಲಿ

ಟ್ರ್ಯಾಕ್ಟರ್ ಬಂದ ಮೇಲೆ ಈ ಪಾಠವೆಲ್ಲ ಯಾರಿಗೆ ಬೇಕು ಎಂಬ ಪ್ರಶ್ನೆ ಸಹಜ, ಮತ್ತು ಪ್ರಾಮಾಣಿಕವಾದುದು. ಜಾನುವಾರು ಗಣತಿಯ ಪ್ರಕಾರ 2012ರಲ್ಲಿ ಕರ್ನಾಟಕದಲ್ಲಿ ಸುಮಾರು 95 ಲಕ್ಷ ದನಗಳಿದ್ದವು, 2019ರ ಹೊತ್ತಿಗೆ ಅವು ಸುಮಾರು 85 ಲಕ್ಷಕ್ಕೆ ಇಳಿದಿದ್ದವು. ಒಂದು ಜೋಡಿ ಎತ್ತು ಸಾಕುವ ಖರ್ಚು, ಮೇವಿನ ಅಭಾವ, ಮೇಯಲು ಗೋಮಾಳವಿಲ್ಲದಿರುವುದು, ಮಕ್ಕಳು ಶಾಲೆಗೆ ಹೋಗುತ್ತಿರುವುದು ಇವೆಲ್ಲ ನಿಜವಾದ ಕಾರಣಗಳು. ದನ ಕಾಯುವ ಹುಡುಗನನ್ನು ಮತ್ತೆ ಶಾಲೆಯಿಂದ ಬಿಡಿಸಿ ತರಬೇಕೆಂದು ವಿವೇಕವುಳ್ಳ ಯಾರೂ ಹೇಳಲಾರರು.

ಆದರೂ ಎತ್ತಿನ ಕೆಲಸ ಮುಗಿದಿಲ್ಲ. ಬ್ಯಾಡಗಿ ಮೆಣಸಿನಕಾಯಿಯ ಸಾಲುಗಳ ನಡುವೆ, ಹತ್ತಿಯ ಸಾಲುಗಳ ನಡುವೆ ಎಡೆಕುಂಟೆ ಹೊಡೆಯುವಾಗ ಬಾಯಿಗೆ ಕುಕ್ಕೆ ಕಟ್ಟಿದ ಎತ್ತಿನ ಜೋಡಿ ಒಂದು ಗಿಡವನ್ನೂ ತುಳಿಯದೆ ನಡೆಯುವುದನ್ನು ಇಲ್ಲಿನ ರೈತರು ಬಲ್ಲರು. ಕಳೆ ತೆಗೆಯುವ ಈ ಕೆಲಸ ನಿಂತ ಹೊಲದಲ್ಲಿ ಕಳೆನಾಶಕದ ಡಬ್ಬಿ ತೆರೆದುಕೊಳ್ಳುತ್ತದೆ. ಕೊಟ್ಟಿಗೆ ಬರಿದಾದ ಮನೆಯ ಹೊಲಕ್ಕೆ ತಿಪ್ಪೆಗೊಬ್ಬರವೂ ಇಲ್ಲ. ಸಾಲು ತುಳಿಯದ ಎತ್ತು ಮಾತ್ರ ಈ ಕೆಲಸಕ್ಕೆ ಬರುತ್ತದೆ. ಸಾಲು ತುಳಿಯದ ನಡಿಗೆ ಕರುವಾಗಿದ್ದಾಗ ಸಡಿಲ ಹಗ್ಗದಲ್ಲಿ ಕಲಿತ ನಡಿಗೆಯೇ ಆಗಿದೆ. ಹೀಗೆ ಕೊಟ್ಟಿಗೆಯ ಹತ್ತು ನಿಮಿಷಕ್ಕೂ ಹೊಲದ ಮಣ್ಣಿಗೂ, ಆ ಮಣ್ಣಿನಿಂದ ವರದೆಗೆ ಇಳಿಯುವ ನೀರಿಗೂ ನೇರವಾದ ನಂಟಿದೆ.

ಇದೇ ಜಿಲ್ಲೆಯ ಬಂಕಾಪುರದ ಕೋಟೆಯೊಳಗೆ ಖಿಲಾರಿ ದನಗಳ ಸರ್ಕಾರಿ ಸಂವರ್ಧನಾ ಕೇಂದ್ರವಿದೆ. ಅದೇ ಕೋಟೆಯ ಆವರಣ 2006ರಲ್ಲಿ ನವಿಲುಧಾಮವೆಂದು ಘೋಷಿತವಾಯಿತು. ದನ ಮೇಯುವ ನೆಲ ಉಳಿದ ಕಡೆ ನವಿಲಿಗೂ ನೆಲೆ ದೊರೆಯಿತೆಂಬುದು ಪರಿಸರಾಸಕ್ತರಿಗೆ ಸಂತೋಷದ ಪಾಠ. ತಳಿಗಳನ್ನು ಉಳಿಸಲು ಇಂಥ ಕೇಂದ್ರಗಳಿವೆ. ಹೋರಿಯ ವೀರ್ಯವನ್ನು ಮೈನಸ್ 196 ಡಿಗ್ರಿಯ ದ್ರವ ಸಾರಜನಕದಲ್ಲಿ ವರ್ಷಗಟ್ಟಲೆ ಕಾಪಿಡಬಹುದು. ಆದರೆ ಕರುವನ್ನು ಪಳಗಿಸುವ ಕೈಯನ್ನು ಕಾಪಿಡುವ ಪಾತ್ರೆ ಎಲ್ಲಿಯೂ ಇಲ್ಲ. ಅದು ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಮಾತ್ರ ದಾಟುತ್ತದೆ, ಒಂದು ತಲೆಮಾರು ದಾಟದಿದ್ದರೆ ಅಲ್ಲಿಗೆ ನಿಲ್ಲುತ್ತದೆ. ಇಂದು ಊರಿನಲ್ಲಿ ಇದನ್ನು ಬಲ್ಲವರು ಬಹುಮಟ್ಟಿಗೆ ವಯಸ್ಸಾದವರು. ಅವರಲ್ಲಿ ಅನೇಕರು ಹೆಣ್ಣುಮಕ್ಕಳು. ಎತ್ತು ಹೂಡಿದ ಹೆಸರು ಗಂಡಸರಿಗೆ ಬಂದರೂ, ಮೇವು ಹಾಕಿ, ನೀರು ಕುಡಿಸಿ, ಮೊದಲ ವಾರಗಳಲ್ಲಿ ಕರುವನ್ನು ಮುಟ್ಟಿ ಮಾತನಾಡಿಸಿದವರು ಅವರೇ. ಅವರನ್ನು ಗುರುಗಳೆಂದು ಕರೆದು, ಅವರ ಬಳಿ ಕುಳಿತು ಕಲಿಯುವ ಕೆಲಸ ತಡವಾಗಬಾರದು.

ರೈತಬಾಂಧವರೇ, ಈ ಕಲಿಕೆಗೆ ಸಹಾಯಧನ ಬೇಕಿಲ್ಲ, ಯಂತ್ರ ಬೇಕಿಲ್ಲ. ಬೆಳಿಗ್ಗೆ ಹತ್ತು ನಿಮಿಷ, ಸಂಜೆ ಹತ್ತು ನಿಮಿಷ, ಒಂದು ಮೆತ್ತನೆಯ ಹಗ್ಗ, ಸ್ವಲ್ಪ ತಾಳ್ಮೆ ಇಷ್ಟು ಸಾಕು. ಇಂದು ಸಂಜೆ ಮನೆಗೆ ಮರಳಿದಾಗ ಕೊಟ್ಟಿಗೆಯಲ್ಲಿ ಎಳೆಗರುವಿದ್ದರೆ ಹಗ್ಗವನ್ನು ಗೂಟಕ್ಕೇ ಬಿಟ್ಟು, ಅದರ ಪಕ್ಕದಲ್ಲಿ ಬರಿಗೈಯಲ್ಲಿ ಕುಳಿತುಕೊಳ್ಳಿ. ಕರು ತಾನೇ ಬಂದು ಮೂಸುತ್ತದೆ. ಅಲ್ಲಿಂದ ಪಾಠ ಆರಂಭ.